ಕನಸಿನ ನುಡಿ, ಕನಸಿನ ವ್ಯಾಕರಣ: ಚಳ್ಳಕೆರೆ–ಮೊಳಕಾಲ್ಮೂರು ಪರಿಸರವನ್ನು ಮುಂದಿಟ್ಟುಕೊಂಡು ಒಂದು ವಿವೇಚನೆ

1. ಪ್ರಸ್ತಾವನೆ

ಕನಸಿನ ಲೋಕಕ್ಕೆ ತನ್ನದೇ ಆದ ನುಡಿಯೊಂದು ಇದೆಯೇ ಎಂಬ ಪ್ರಶ್ನೆ ಮೇಲುನೋಟಕ್ಕೆ ಕಲ್ಪನಾವಿಲಾಸದ ಮಾತೆನಿಸಬಹುದು. ಆದರೆ ಜನಪದ ಕಥನಗಳನ್ನೂ ಸ್ಥಳಪುರಾಣಗಳನ್ನೂ ಸಂಗ್ರಹಿಸುವ ಸಂಶೋಧಕರಿಗೆ ಇದು ಮತ್ತೆ ಮತ್ತೆ ಎದುರಾಗುವ ಪ್ರಶ್ನೆ. ದೇವರು ಕನಸಿನಲ್ಲಿ ಬಂದು ಹೇಳುವುದು, ಹೇಳಿದ ಜಾಗದಲ್ಲಿ ಕಲ್ಲೋ ಹುತ್ತವೋ ಸಿಗುವುದು, ಅಲ್ಲಿ ಗುಡಿ ಏಳುವುದು ಕರ್ನಾಟಕದ ಹಳ್ಳಿಗಳ ದೈವಕಥನಗಳಲ್ಲಿ ವ್ಯಾಪಕವಾಗಿರುವ ಆಶಯ. ಈ ಆಶಯವನ್ನು ನಾವು ಗುರುತಿಸಿದ್ದೇವೆ, ವರ್ಗೀಕರಿಸಿದ್ದೇವೆ. ಆದರೆ ಕನಸಿನಲ್ಲಿ ಬಂದ ದೇವರು ಯಾವ ನುಡಿಯಲ್ಲಿ ಮಾತನಾಡಿತು, ಆ ಮಾತನ್ನು ಕೇಳಿದವರು ಅದನ್ನು ಯಾವ ವ್ಯಾಕರಣದಲ್ಲಿ ವರದಿ ಮಾಡಿದರು ಎಂಬುದರ ಕಡೆಗೆ ನಮ್ಮ ಗಮನ ಹರಿದಿರುವುದು ಕಡಿಮೆ.

ಕನಸಿನಂತಹ ಅನ್ಯಲೋಕಕ್ಕೆ ಹೊಸ ನುಡಿಯನ್ನೇ ಕಟ್ಟಿಕೊಡುವ ಪ್ರಯತ್ನಗಳು ಜಗತ್ತಿನ ಬೇರೆಡೆ ನಡೆದಿವೆ. ಕನ್ನಡ ಪರಂಪರೆಯಲ್ಲಿಯೂ ಅದಕ್ಕೆ ಸಮೀಪದ ಉದಾಹರಣೆಗಳಿವೆ. ಇವುಗಳ ಹಿನ್ನೆಲೆಯಲ್ಲಿ ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ ಮತ್ತು ಮೊಳಕಾಲ್ಮೂರು ತಾಲ್ಲೂಕುಗಳ ಭಾಷಿಕ ಪರಿಸರವನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಕಟ್ಟಿದ ನುಡಿಗಳು ಹೊಸ ಶಬ್ದಗಳನ್ನು ತಂದು ಹಳೆಯ ವ್ಯಾಕರಣವನ್ನು ಉಳಿಸಿಕೊಂಡರೆ, ನಮ್ಮ ಜನಪದರ ಕನಸಿನ ಕಥನ ನಿತ್ಯದ ಶಬ್ದಗಳನ್ನೇ ಇಟ್ಟುಕೊಂಡು ಕನಸಿಗೆ ಬೇರೆಯ ವ್ಯಾಕರಣವನ್ನು ಒದಗಿಸುತ್ತದೆ ಎಂಬುದು ಇಲ್ಲಿಯ ವಾದ. ಈ ವ್ಯಾಕರಣ ಅಚ್ಚಿಗೆ ಬರುವಾಗ ಕಳೆದುಹೋಗುತ್ತದೆ ಎಂಬುದು ವಾದದ ಇನ್ನೊಂದು ಮುಖ. ಲೇಖನದಲ್ಲಿ ಬಳಸಿರುವ ಆಡುನುಡಿಯ ವಾಕ್ಯಗಳು ಯಾರೊಬ್ಬ ವಕ್ತೃವಿನ ಹೇಳಿಕೆಗಳಲ್ಲ. ರೂಪಗಳನ್ನು ತೋರಿಸುವುದಕ್ಕಾಗಿ ರಚಿಸಿಕೊಂಡ ಮಾದರಿಗಳು.

2. ಕಟ್ಟಿದ ನುಡಿಗಳು: ಹೊಸ ಶಬ್ದ, ಹಳೆಯ ವ್ಯಾಕರಣ

ನಮ್ಮಲ್ಲಿ ವಚನಕಾರರು ಬಾಳಿದ ಹನ್ನೆರಡನೆಯ ಶತಮಾನದಲ್ಲಿಯೇ ಜರ್ಮನಿಯಲ್ಲಿ ಹಿಲ್ಡೆಗಾರ್ಡ್ ಎಂಬ ಸನ್ಯಾಸಿನಿ (1098–1179) ‘ಅರಿಯದ ನುಡಿ’ ಎಂಬರ್ಥದ ಲ್ಯಾಟಿನ್ ಹೆಸರಿನಲ್ಲಿ ಒಂದು ನುಡಿಯನ್ನು ರೂಪಿಸಿದಳು. ದೇವರು, ದೇವದೂತರಿಂದ ಆರಂಭವಾಗಿ ಬಂಧುವಾಚಕಗಳು, ದೇಹದ ಅಂಗಗಳು, ಗಿಡಮರಗಳವರೆಗೆ ಸಾಗುವ ಸುಮಾರು ಸಾವಿರ ಶಬ್ದಗಳು ಅದರಲ್ಲಿವೆ. ಅವುಗಳಲ್ಲಿ ಬಹುಪಾಲು ನಾಮಪದಗಳು. ಅದಕ್ಕೆ ಸ್ವತಂತ್ರವಾದ ವಾಕ್ಯರಚನೆ ಇಲ್ಲ. ಬಳಸಿದಾಗ ಶಬ್ದಗಳು ಲ್ಯಾಟಿನ್ ವಾಕ್ಯದೊಳಗೆ ಬಂದು ಕೂರುತ್ತವೆ. ಇಪ್ಪತ್ತನೆಯ ಶತಮಾನದ ಟೋಲ್ಕಿನ್ ಈ ಮಾತಿಗೆ ಅಪವಾದವೆನ್ನಬಹುದು. ಭಾಷಾಶಾಸ್ತ್ರದ ಪ್ರಾಧ್ಯಾಪಕನಾಗಿದ್ದ ಆತ ತನ್ನ ಕಲ್ಪಿತ ಲೋಕದ ನುಡಿಗಳಿಗೆ ಧ್ವನಿಬದಲಾವಣೆಯ ಚರಿತ್ರೆಯನ್ನೂ ವ್ಯಾಕರಣವನ್ನೂ ಕೊಟ್ಟ. ಆದರೂ ಒಂದಕ್ಕೆ ಫಿನ್ನಿಶ್, ಇನ್ನೊಂದಕ್ಕೆ ವೆಲ್ಶ್ ಭಾಷೆ ಮಾದರಿಯಾಯಿತು. ನುಡಿ ಕಟ್ಟುವ ಈ ಹವ್ಯಾಸದ ಕುರಿತು 1931ರಲ್ಲಿ ಉಪನ್ಯಾಸ ಕೊಟ್ಟಾಗ ಆತ ಅದನ್ನು ‘ಗುಟ್ಟಿನ ಚಟ’ ಎಂದೇ ಕರೆದ.

ನಮ್ಮ ಚರ್ಚೆಗೆ ಹೆಚ್ಚು ಹತ್ತಿರವಾದದ್ದು ಜಿನೀವಾದ ಪ್ರಕರಣ. ಹೆಲೆನ್ ಸ್ಮಿತ್ ಎಂಬ ಗುಪ್ತನಾಮದಿಂದ ಪ್ರಸಿದ್ಧಳಾದ ಮಹಿಳೆಯೊಬ್ಬಳು 1890ರ ದಶಕದಲ್ಲಿ ಕನಸಿನಂತಹ ಪರವಶ ಸ್ಥಿತಿಯಲ್ಲಿ ಮಂಗಳಗ್ರಹದ ನುಡಿಯನ್ನು ಆಡುತ್ತಿದ್ದಳು. ಮನಶ್ಶಾಸ್ತ್ರಜ್ಞ ತಿಯೊಡೋರ್ ಫ್ಲೂರ್ನ್ವಾ 1900ರ ತನ್ನ ಗ್ರಂಥದಲ್ಲಿ ಆ ನುಡಿಯನ್ನು ವಿಶ್ಲೇಷಿಸಿದ. ಶಬ್ದಗಳೆಲ್ಲ ಹೊಸವು; ಆದರೆ ಒಂದೊಂದು ಶಬ್ದಕ್ಕೂ ಫ್ರೆಂಚಿನ ಒಂದೊಂದು ಶಬ್ದ ಸರಿಯಾಗಿ ಹೊಂದುತ್ತಿತ್ತು, ಪದಕ್ರಮವೂ ಫ್ರೆಂಚಿನದೇ ಆಗಿತ್ತು. ಉಚ್ಚಾರಣೆಯ ಸೌಕರ್ಯಕ್ಕಾಗಿ ಫ್ರೆಂಚಿನ ಪ್ರಶ್ನಾವಾಕ್ಯದಲ್ಲಿ ಸೇರುವ ಅರ್ಥವಿಲ್ಲದ ಅಕ್ಷರಕ್ಕೂ ಅಲ್ಲಿ ಸಂವಾದಿಯೊಂದಿತ್ತು. ಅನ್ಯಗ್ರಹದ ನುಡಿಯೊಳಗೆ ಆಕೆಯ ಮನೆಮಾತಿನ ವ್ಯಾಕರಣ ಹಾಗೆಯೇ ಉಳಿದಿತ್ತು.

ಈ ಪ್ರಕರಣಕ್ಕೆ ಕನ್ನಡ ನಾಡಿನೊಡನೆ ಒಂದು ವಿಚಿತ್ರ ನಂಟಿದೆ. ಅದೇ ಮಹಿಳೆ ಇನ್ನೊಂದು ಸರಣಿಯ ಪರವಶ ಸ್ಥಿತಿಗಳಲ್ಲಿ ತಾನು ಕೆನರಾದ ಚಂದ್ರಗಿರಿ ಕೋಟೆಯನ್ನು 1401ರಲ್ಲಿ ಕಟ್ಟಿಸಿದ ‘ಸಿವ್ರೂಕ ನಾಯಕ’ನ ರಾಣಿಯಾಗಿದ್ದೆನೆಂದು ಹೇಳಿಕೊಂಡಳು. ಫ್ಲೂರ್ನ್ವಾ ಹುಡುಕಿದಾಗ ಇದೇ ಹೆಸರು, ಇದೇ ಇಸವಿ ಮಾರ್ಲೆಸ್ ಎಂಬಾತ 1828ರಲ್ಲಿ ಫ್ರೆಂಚಿನಲ್ಲಿ ಪ್ರಕಟಿಸಿದ ಭಾರತದ ಇತಿಹಾಸದಲ್ಲಿ ಸಿಕ್ಕಿದವು. ಇಂದು ಕಾಸರಗೋಡು ಜಿಲ್ಲೆಯಲ್ಲಿರುವ ಚಂದ್ರಗಿರಿ ಕೋಟೆಯನ್ನು ಹದಿನೇಳನೆಯ ಶತಮಾನದ ಕೆಳದಿಯ ಶಿವಪ್ಪನಾಯಕನ ಹೆಸರಿನೊಂದಿಗೆ ಜೋಡಿಸಲಾಗುತ್ತದೆ. ಹೆಸರುಗಳ ಹೋಲಿಕೆ ಗಮನಾರ್ಹ. ರಾಣಿಯ ಬಾಯಿಂದ ಬಂದ ನುಡಿಯನ್ನು ಪರೀಕ್ಷಿಸಿದವರಲ್ಲಿ ಆಧುನಿಕ ಭಾಷಾವಿಜ್ಞಾನದ ಪ್ರವರ್ತಕ ಸಸೂರ್ ಕೂಡ ಒಬ್ಬ. ಆತನಿಗೆ ಅದರಲ್ಲಿ ಸಂಸ್ಕೃತದ ತುಣುಕುಗಳೂ ಸಂಸ್ಕೃತದಂತೆ ಕೇಳುವ ಧ್ವನಿಗಳೂ ಕಂಡವು. ಕೆನರಾದ ಅರಮನೆಯ ರಾಣಿ ಕನ್ನಡವನ್ನಾಗಲಿ ತುಳುವನ್ನಾಗಲಿ ಆಡದೆ ಸಂಸ್ಕೃತದ ನೆರಳನ್ನು ಆಡಿದಳು! ಕನಸುಗಾರ್ತಿಗೆ ಪುಸ್ತಕದ ಭಾರತ ಗೊತ್ತಿತ್ತು, ಕನ್ನಡ ಗೊತ್ತಿರಲಿಲ್ಲ. ಕನಸು ಎಷ್ಟೇ ದೂರಕ್ಕೆ ಹೋದರೂ ಕಂಡವರ ಭಾಷಿಕ ಅನುಭವದ ಗಡಿಯನ್ನು ದಾಟಲಾರದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ.

ನಿಜವಾದ ನಿದ್ರೆಯ ಕನಸುಗಳ ಅಧ್ಯಯನವೂ ಇದೇ ದಿಕ್ಕನ್ನು ತೋರಿಸಿದೆ. ಕನಸಿನಲ್ಲಿ ಕೇಳಿಬರುವ ಮಾತು ಎಚ್ಚರದಲ್ಲಿ ಆಡಿದ, ಕೇಳಿದ ಮಾತುಗಳ ತುಣುಕುಗಳಿಂದಲೇ ಆದದ್ದು ಎಂದು ಫ್ರಾಯ್ಡ್ ವಾದಿಸಿದ. ಕ್ರೇಪೆಲಿನ್ 1906ರಲ್ಲಿ ಕನಸಿನ ಮಾತಿನ 286 ಮಾದರಿಗಳನ್ನು ಪ್ರಕಟಿಸಿದ; ಬಹುಪಾಲು ಆತನ ಸ್ವಂತ ಕನಸುಗಳವು. ಅವುಗಳಲ್ಲಿ ಹೊಸ ಶಬ್ದಗಳು, ಕಲಸಿಹೋದ ಶಬ್ದಗಳು ಹೇರಳವಾಗಿದ್ದರೂ ಅವು ಹುಟ್ಟಿದ್ದು ಕನಸುಗಾರನಿಗೆ ಗೊತ್ತಿದ್ದ ನುಡಿಗಳ ಒಡಲಿನಿಂದಲೇ.

3. ಕನ್ನಡ ಪರಂಪರೆಯ ದಾರಿಗಳು

ಕನ್ನಡದಲ್ಲಿ ಅನ್ಯಲೋಕದ ಅನುಭವವನ್ನು ಹೇಳಲು ಹೊಸ ನಿಘಂಟನ್ನು ಕಟ್ಟುವ ದಾರಿ ಪ್ರಧಾನವಾಗಲಿಲ್ಲ. ನಮ್ಮವರು ಬೇರೆ ದಾರಿಗಳನ್ನು ಹಿಡಿದರು. ಅವುಗಳಲ್ಲಿ ಮೂರನ್ನು ಇಲ್ಲಿ ಗುರುತಿಸಬಹುದು.

ಮೊದಲನೆಯದು ಲಿಪಿಯ ದಾರಿ. ಯಾದಗಿರಿ ಜಿಲ್ಲೆಯ ಕೊಡೇಕಲ್ಲಿನ ಬಸವಣ್ಣನ ಪರಂಪರೆಯಲ್ಲಿ ಕಾಲಜ್ಞಾನದ ವಚನಗಳನ್ನು ‘ಅಮರಗನ್ನಡ’ ಎಂಬ ಗುಪ್ತಲಿಪಿಯಲ್ಲಿ ಬರೆದಿಡಲಾಗಿದೆ. ಹೆಸರು ಇನ್ನೊಂದು ಕನ್ನಡವನ್ನೇ ಸೂಚಿಸಿದರೂ ಇಲ್ಲಿ ಮಾರ್ಪಟ್ಟಿರುವುದು ಮುಖ್ಯವಾಗಿ ಬರವಣಿಗೆಯ ಚಿಹ್ನೆ. ಲಿಪಿಯ ಕೀಲಿ ದೊರೆತರೆ ಒಳಗಿರುವುದು ಕನ್ನಡವೇ. ಎರಡನೆಯದು ಅರ್ಥದ ದಾರಿ. ಅಲ್ಲಮಪ್ರಭುವಿನ ಬೆಡಗಿನ ವಚನಗಳಲ್ಲಿ ನಿತ್ಯದ ಪ್ರಾಣಿ, ಗಿಡ, ಊರು, ಮನೆಗಳ ಹೆಸರುಗಳೇ ಇರುತ್ತವೆ; ವಾಕ್ಯರಚನೆಯೂ ಸರಳ. ಆದರೆ ಅವು ಒಂದರೊಡನೊಂದು ಕೂಡುವ ಬಗೆ ಎಚ್ಚರದ ತರ್ಕಕ್ಕೆ ಒಗ್ಗುವುದಿಲ್ಲ. ಆದ್ದರಿಂದಲೇ ಇವುಗಳ ಸುತ್ತ ಟೀಕೆಗಳ ಪರಂಪರೆಯೊಂದು ಬೆಳೆಯಿತು. ಬಂಗಾಳದ ಚರ್ಯಾಪದಗಳ ಭಾಷೆಯನ್ನು ಹರಪ್ರಸಾದ ಶಾಸ್ತ್ರಿಗಳು ಬೆಳಕು ಕತ್ತಲೆಗಳ ನಡುವಿನ ‘ಸಂಧ್ಯಾಭಾಷೆ’ ಎಂದು ಕರೆದರು. ಅದು ‘ಸಂಧಾಭಾಷೆ’, ಅಂದರೆ ಒಂದು ಅಭಿಪ್ರಾಯವನ್ನು ಒಳಗಿಟ್ಟುಕೊಂಡ ಭಾಷೆ ಎಂದು 1928ರಲ್ಲಿ ವಿಧುಶೇಖರ ಭಟ್ಟಾಚಾರ್ಯರು ತಿದ್ದಿದರು. ಬೆಡಗಿನ ಚರ್ಚೆಗೂ ಈ ವ್ಯತ್ಯಾಸ ಅನ್ವಯಿಸುತ್ತದೆ. ಬೆಡಗು ಮಂಪರಿನ ಮಾತಲ್ಲ, ಉದ್ದೇಶಪೂರ್ವಕವಾದ ಮಾತು.

ಮೂರನೆಯದು ಸಂದರ್ಭದ ದಾರಿ. ಹೂವಿನಹಡಗಲಿ ತಾಲ್ಲೂಕಿನ ಮೈಲಾರದ ಜಾತ್ರೆಯಲ್ಲಿ ಬಿಲ್ಲನ್ನೇರಿದ ಗೊರವಯ್ಯ ‘ಸದ್ದಲೇ’ ಎಂದು ಕೂಗಿ ಜನಸ್ತೋಮವನ್ನು ಮೌನವಾಗಿಸಿ ಕಾರಣಿಕವನ್ನು ನುಡಿಯುತ್ತಾನೆ. ನುಡಿ ಸಾಮಾನ್ಯವಾಗಿ ಒಂದೇ ಒಂದು ಚಿಕ್ಕ ವಾಕ್ಯ. ಅದರ ಶಬ್ದಗಳು ಎಲ್ಲರಿಗೂ ಗೊತ್ತಿರುವಂಥವು. ಮಳೆ, ಬೆಳೆ, ರಾಜಕೀಯಗಳಿಗೆ ಅದನ್ನು ಹೊಂದಿಸಿ ಅರ್ಥೈಸುವ ಕೆಲಸವನ್ನು ಕೇಳಿದವರು ಮಾಡುತ್ತಾರೆ. ನುಡಿಗೆ ದೈವತ್ವ ಬರುವುದು ನುಡಿದ ಎತ್ತರದಿಂದ, ಅದಕ್ಕೆ ಮೊದಲು ಕವಿದ ಮೌನದಿಂದ.

ಕನಸನ್ನೇ ನೇರವಾಗಿ ತೆಗೆದುಕೊಂಡರೆ, ನಮ್ಮ ಶಿಷ್ಟಕಾವ್ಯಗಳಲ್ಲಿ ಅದು ಪ್ರಧಾನವಾಗಿ ದೃಶ್ಯ. ಪಂಪನ ಆದಿಪುರಾಣದಲ್ಲಿ ಮರುದೇವಿ ಕಾಣುವ ಹದಿನಾರು ಕನಸುಗಳು ಚಿತ್ರಗಳು. ಅವುಗಳ ಅರ್ಥವನ್ನು ನಾಭಿರಾಜ ಬಿಡಿಸಿ ಹೇಳುತ್ತಾನೆ. ವಡ್ಡಾರಾಧನೆಯ ಭದ್ರಬಾಹು ಭಟಾರರ ಕಥೆಯಲ್ಲಿಯೂ ಚಂದ್ರಗುಪ್ತ ಹದಿನಾರು ಕನಸುಗಳನ್ನು ಕಾಣುತ್ತಾನೆ, ಭಟಾರರು ಫಲ ಹೇಳುತ್ತಾರೆ. ಕನಸು ಮೌನವಾಗಿದೆ, ವ್ಯಾಖ್ಯಾನಕಾರ ಮಾತನಾಡುತ್ತಾನೆ. ಈ ವ್ಯವಸ್ಥೆ ಕೈಕೊಟ್ಟಾಗ ಏನಾಗುತ್ತದೆ ಎಂಬುದನ್ನು ಜನ್ನ 1209ರ ಯಶೋಧರ ಚರಿತೆಯಲ್ಲಿ ತೋರಿಸಿದ್ದಾನೆ. ಹೆಂಡತಿಯ ನಡೆಯನ್ನು ಕಣ್ಣಾರೆ ಕಂಡ ಯಶೋಧರ ಅದನ್ನು ನೇರವಾಗಿ ಹೇಳಲಾರದೆ, ಕೆಟ್ಟ ಕನಸು ಕಂಡೆನೆಂದು ತಾಯಿಗೆ ಹೇಳುತ್ತಾನೆ. ಇಲ್ಲಿ ಕನಸೇ ಕಟ್ಟಿದ ನುಡಿ. ಆದರೆ ತಾಯಿ ಚಂದ್ರಮತಿ ಅದನ್ನು ಕನಸೆಂದೇ ನಂಬಿ ಶಾಂತಿಗೆ ಬಲಿ ಸೂಚಿಸುತ್ತಾಳೆ. ಹಿಟ್ಟಿನ ಕೋಳಿಯ ಸಂಕಲ್ಪಹಿಂಸೆಗೆ ಅದು ದಾರಿಯಾಗುತ್ತದೆ. ಕನಸಿನ ಮಾತನ್ನು ಯಾವ ನೆಲೆಯಿಂದ ಹೇಳಲಾಗಿದೆ ಎಂಬುದನ್ನು ಕೇಳುವವರು ಗುರುತಿಸದಿದ್ದರೆ ಪರಿಣಾಮ ಎಷ್ಟು ಗಂಭೀರವಾಗಬಹುದು ಎಂಬುದು ಈ ಪ್ರಸಂಗದಿಂದ ಸ್ಪಷ್ಟವಾಗುತ್ತದೆ. ಜನಪದರಲ್ಲಿ ಈ ‘ನೆಲೆ’ಯನ್ನು ಗುರುತಿಸುವ ಸಾಧನ ವ್ಯಾಕರಣವೇ ಆಗಿದೆ. ಅದನ್ನು ನೋಡುವ ಮುನ್ನ ಆ ನೆಲದ ಭಾಷಿಕ ಸ್ವರೂಪವನ್ನು ಅರಿಯಬೇಕು.

4. ಎರಡು ನುಡಿಗಳ ನೆಲ

ಚಳ್ಳಕೆರೆ ಮತ್ತು ಮೊಳಕಾಲ್ಮೂರು ಆಂಧ್ರಪ್ರದೇಶದ ಅನಂತಪುರ ಜಿಲ್ಲೆಗೆ ಹೊಂದಿಕೊಂಡಿರುವ, ಮಳೆ ಕಡಿಮೆಯ ಬಯಲು ಸೀಮೆಯ ತಾಲ್ಲೂಕುಗಳು. ಕುರುಚಲು ಕಾಡು, ಕಾವಲು, ಕಲ್ಲುಗುಡ್ಡಗಳ ಈ ಪ್ರದೇಶದ ಪಶುಪಾಲಕ ಸಮುದಾಯಗಳಲ್ಲಿ ಮ್ಯಾಸಬೇಡರೂ ಕಾಡುಗೊಲ್ಲರೂ ಪ್ರಮುಖರು. ಕಾಡುಗೊಲ್ಲರ ಮನೆಮಾತು ಕನ್ನಡ. ಅವರ ನಂಬಿಕೆ, ಸಂಪ್ರದಾಯಗಳನ್ನು ತೀ.ನಂ. ಶಂಕರನಾರಾಯಣ ವಿವರವಾಗಿ ಅಧ್ಯಯನ ಮಾಡಿದ್ದಾರೆ. ಹಂಪಿಯ ಕನ್ನಡ ವಿಶ್ವವಿದ್ಯಾಲಯದಿಂದ ನಾಡೋಜ ಗೌರವ ಪಡೆದ ಸಿರಿಯಜ್ಜಿ ಚಳ್ಳಕೆರೆ ತಾಲ್ಲೂಕಿನ ಗೊಲ್ಲರಹಟ್ಟಿಯವರು. ಮ್ಯಾಸಬೇಡರಲ್ಲಿ ಮನೆಯೊಳಗೆ ಕನ್ನಡ ಬೆರೆತ ತೆಲುಗು, ಊರಿನ ವ್ಯವಹಾರದಲ್ಲಿ ಕನ್ನಡ ಎಂಬ ದ್ವಿಭಾಷಿಕತೆ ಕಾಣುತ್ತದೆ. ಪೆಟ್ಟಿಗೆ ದೇವರು, ದೇವರೆತ್ತುಗಳು, ಅವುಗಳನ್ನು ಕಾಯುವ ಕಿಲಾರಿಗಳು, ಗಾದ್ರಿಪಾಲನಾಯಕನಂತಹ ಸಾಂಸ್ಕೃತಿಕ ವೀರರ ಕಥನಗಳು ಈ ಸಮುದಾಯದ ಬದುಕಿನ ಕೇಂದ್ರದಲ್ಲಿವೆ. ಗೌರಸಮುದ್ರದ ಮಾರಮ್ಮನ ಜಾತ್ರೆಗೆ ಆಂಧ್ರದ ಕಡೆಯಿಂದಲೂ ಭಕ್ತರು ಬರುತ್ತಾರೆ. ದೈವದ ಮುಂದೆ ಎರಡು ನುಡಿಗಳೂ ನಡೆಯುವ ಪರಿಸರ ಇದು.

ಈ ನೆಲದಲ್ಲಿ ದೊರೆತಿರುವ ಅತ್ಯಂತ ಹಳೆಯ ಬರಹವನ್ನು ಇಲ್ಲಿ ನೆನೆಯಬೇಕು. ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗರಾಮೇಶ್ವರಗಳಲ್ಲಿರುವ ಅಶೋಕನ ಶಾಸನಗಳನ್ನು ಬಿ.ಎಲ್. ರೈಸ್ 1892ರಲ್ಲಿ ಬೆಳಕಿಗೆ ತಂದರು. ಸುವರ್ಣಗಿರಿಯಿಂದ ಇಸಿಲದ ಅಧಿಕಾರಿಗಳಿಗೆ ಬಂದ ಈ ಆಜ್ಞೆಗಳ ಭಾಷೆ ಪ್ರಾಕೃತ, ಲಿಪಿ ಬ್ರಾಹ್ಮಿ. ಬರೆದ ಚಪಡ ‘ಲಿಪಿಕಾರನಿಂದ’ ಎಂಬರ್ಥದ ಶಬ್ದವನ್ನು ಮಾತ್ರ ದೂರದ ವಾಯವ್ಯ ಭಾರತದ ಖರೋಷ್ಠಿಯಲ್ಲಿ ಕೆತ್ತಿದ್ದಾನೆ. ರಾಜಾಜ್ಞೆ ಇಲ್ಲಿಗೆ ಬಂದದ್ದು ಹೊರಗಿನ ನುಡಿಯಲ್ಲಿ, ಹೊರಗಿನ ಲಿಪಿಯಲ್ಲಿ. ಅದೇ ನೆಲದ ಜನಪದ ದೈವದ ಆಜ್ಞೆ ಮಲಗಿದವರ ತಲೆದೆಸೆಗೆ, ಅವರಿಗೆ ಗೊತ್ತಿರುವ ನುಡಿಯಲ್ಲಿಯೇ ಬರುತ್ತದೆ. ಇವೆರಡೂ ಆಜ್ಞೆಗಳೇ. ಆದರೆ ಒಂದು ತನ್ನ ಅಧಿಕಾರವನ್ನು ಅಪರಿಚಿತ ನುಡಿಯ ಮೂಲಕ ಮೆರೆದರೆ, ಇನ್ನೊಂದಕ್ಕೆ ಅಪರಿಚಿತ ನುಡಿಯ ಅಗತ್ಯವೇ ಬೀಳುವುದಿಲ್ಲ. ಹಾಗಾದರೆ ನಿತ್ಯದ ಮಾತಿನಿಂದ ದೈವದ ಮಾತು ಬೇರೆಯಾಗುವುದು ಹೇಗೆ?

5. ಕನಸಿನ ವ್ಯಾಕರಣ

ಶಬ್ದದಿಂದಲೇ ಆರಂಭಿಸೋಣ. ಕನ್ನಡದ ‘ಕನಸು’, ತಮಿಳಿನ ‘ಕನವು’, ತೆಲುಗಿನ ‘ಕಲ’ ಇವು ಜ್ಞಾತಿಪದಗಳು. ಹಳಗನ್ನಡ ಕಾವ್ಯಗಳಲ್ಲಿ ಕನಸಿನೊಡನೆ ಬರುವ ಪ್ರಧಾನ ಕ್ರಿಯಾಪದ ‘ಕಾಣ್’. ಅಲ್ಲಿ ಕನಸು ಕಾಣುವವರು ಕರ್ತೃ, ಕನಸು ಕರ್ಮ. ಬಯಲು ಸೀಮೆಯ ಆಡುನುಡಿಯಲ್ಲಿ ಈ ಸಂಬಂಧ ತಲೆಕೆಳಗಾಗುತ್ತದೆ:

ರಾತ್ರಿ ನಂಗೊಂದು ಕನಸು ಬಿತ್ತು.

ಇಲ್ಲಿ ‘ಕನಸು’ ಕರ್ತೃ. ಕಂಡವರು ಚತುರ್ಥಿ ವಿಭಕ್ತಿಯಲ್ಲಿದ್ದಾರೆ. ಹಸಿವು, ಜ್ವರ, ಭಯಗಳನ್ನು ಹೇಳುವಂತೆಯೇ ಕನಸನ್ನೂ ತಮಗೆ ಒದಗಿದ ಸಂಗತಿಯಾಗಿ ಹೇಳಲಾಗುತ್ತಿದೆ. ತೆಲುಗಿನ ‘ನಾಕು ಕಲ ವಚ್ಚಿಂದಿ’ ಎಂಬ ವಾಕ್ಯದ ಒಡಲೂ ಇದೇ. ಕನಸಿಗೆ ನಾನು ಹೊಣೆಯಲ್ಲ ಎಂಬ ತಿಳಿವಳಿಕೆ ವಿಭಕ್ತಿಯಲ್ಲಿಯೇ ಅಡಗಿದೆ.

ಎರಡನೆಯ ಅಂಶ ಇನ್ನೂ ಮುಖ್ಯವಾದದ್ದು. ಕನಸಿನೊಳಗೆ ನಡೆದದ್ದನ್ನು ಹೇಳುವಾಗ ಕ್ರಿಯಾಪದಗಳು ತಮ್ಮ ಸಹಜ ರೂಪದಲ್ಲಿ ಮುಗಿಯುವುದಿಲ್ಲ:

ಯಾರೋ ಅಜ್ಜಿ ಬಂದು ತಲೆದೆಸೆಗೆ ಕುಂತಂಗಾತು. ಹೊಲದ ಮೂಲ್ಯಾಗೆ ಕಲ್ಲೈತೆ, ತೆಗಿ ಅಂದಂಗಾತು.

‘ಕುಂತಳು’, ‘ಅಂದಳು’ ಎಂಬ ರೂಪಗಳ ಬದಲು ‘ಕುಂತ ಹಾಗಾಯಿತು’, ‘ಅಂದ ಹಾಗಾಯಿತು’ ಎಂಬ ರೂಪಗಳು ಬಂದಿವೆ. ಭೂತ ಕೃದಂತ, ಅದರ ಮೇಲೆ ಹೋಲಿಕೆಯ ‘ಹಾಗೆ’, ಕೊನೆಗೆ ‘ಆಗು’ ಧಾತು. ಇದರ ಫಲವಾಗಿ ಲಿಂಗವಚನಗಳ ಸೂಚನೆ ಕ್ರಿಯಾಪದದಿಂದ ಅಳಿಸಿಹೋಗುತ್ತದೆ. ಬಂದದ್ದು ದೇವತೆಯೋ, ಅಜ್ಜಿಯೋ, ಒಬ್ಬರೋ, ಹಲವರೋ, ಕ್ರಿಯಾಪದ ಅದನ್ನು ಹೇಳುವುದಿಲ್ಲ. ಬಂದವರು ‘ಯಾರೋ’ ಆಗಿರುವುದಕ್ಕೂ ಈ ರೂಪಕ್ಕೂ ಸರಿಯಾದ ಹೊಂದಾಣಿಕೆ ಇದೆ. ತೆಲುಗಿನಲ್ಲಿಯೂ ‘ವಚ್ಚಿನಟ್ಟಾಯ’, ‘ಚೆಪ್ಪಿನಟ್ಟಾಯ’ ಎಂಬ ರೂಪಗಳು ಇದೇ ಕಟ್ಟಡವನ್ನು ಹೊಂದಿವೆ. ಎರಡು ನುಡಿಗಳನ್ನು ಬಲ್ಲವರಿಗೆ ಕನಸನ್ನು ಒಂದರಿಂದ ಇನ್ನೊಂದಕ್ಕೆ ಸಾಗಿಸುವಾಗ ಶಬ್ದಗಳನ್ನು ಬದಲಿಸಿದರೆ ಸಾಕು, ವ್ಯಾಕರಣವನ್ನು ಬದಲಿಸಬೇಕಾಗಿಲ್ಲ.

ಇಲ್ಲೊಂದು ಆಕ್ಷೇಪಣೆಗೆ ಅವಕಾಶವಿದೆ. ‘ಹಂಗಾತು’ ರೂಪ ಕನಸಿಗಷ್ಟೇ ಮೀಸಲಾದದ್ದಲ್ಲ. ಎಚ್ಚರದಲ್ಲಿಯೂ ‘ಯಾರೋ ಕರೆದಂಗಾತು’ ಎನ್ನುತ್ತೇವೆ. ಇದು ನಿಜ. ಆದರೆ ಎಚ್ಚರದಲ್ಲಿ ಅದು ಒಂದು ಕ್ಷಣದ ಸಂಶಯವನ್ನು ಸೂಚಿಸುವ ಬಿಡಿ ವಾಕ್ಯ. ಹೊರಗೆ ಹೋಗಿ ನೋಡಿದರೆ ಸಂಶಯ ಪರಿಹಾರವಾಗುತ್ತದೆ. ಕನಸಿನ ನಿರೂಪಣೆಯಲ್ಲಿ ಮಾತ್ರ ಅದು ಸಾಲುಸಾಲು ವಾಕ್ಯಗಳಲ್ಲಿ ಮುಂದುವರಿದು ಇಡೀ 
ಕಥನದ ಚೌಕಟ್ಟಾಗುತ್ತದೆ. ಅಲ್ಲಿ ಹೊರಗೆ ಹೋಗಿ ನೋಡುವ ಅವಕಾಶವಿಲ್ಲ. ಹೀಗಾಗಿ ಈ ರೂಪವನ್ನು ಕನಸಿನ ಗುರುತು ಎನ್ನುವುದಕ್ಕಿಂತ, ಹೇಳುವವರು ತಮ್ಮ ಮಾತಿನ ಹೊಣೆಯನ್ನು ಎಷ್ಟರಮಟ್ಟಿಗೆ ಹೊರುತ್ತಾರೆ ಎಂಬುದರ ಗುರುತು ಎನ್ನುವುದು ಸರಿ.

ಕನಸು ಕಂಡವರ ಬಾಯಿಂದ ಇನ್ನೊಬ್ಬರ ಬಾಯಿಗೆ ಹೋದಾಗ ರೂಪ ಬದಲಾಗುತ್ತದೆ:

ಅವ್ನಿಗೆ ಅಮ್ಮ ಕನಸ್ನಾಗೆ ಬಂದಿದ್ಲಂತೆ.

‘ಯಾರೋ ಅಜ್ಜಿ’ ಈಗ ‘ಅಮ್ಮ’ ಆಗಿದ್ದಾಳೆ. ನಡುವೆ ಹಿರಿಯರೋ ಪೂಜಾರಿಯೋ ಗುರುತು ಹಿಡಿದಿದ್ದಾರೆ. ಪುರಾಣಗಳ ನಾಭಿರಾಜ, ಭದ್ರಬಾಹುಗಳ ಸ್ಥಾನದಲ್ಲಿ ಅವರಿದ್ದಾರೆ. ಕ್ರಿಯಾಪದಕ್ಕೆ ಲಿಂಗವಚನಗಳು ಮರಳಿವೆ, ಆದರೆ ‘ಅಂತೆ’ ಸೇರಿದೆ. ತೆಲುಗಿನ ‘ಅಂಟ’ ಮಾಡುವ ಕೆಲಸವೂ ಇದೇ. ಹೇಳುವವರು ಸುದ್ದಿಯನ್ನು ದಾಟಿಸುತ್ತಾರೆ, ಸಾಕ್ಷಿ ನುಡಿಯುವುದಿಲ್ಲ. ಕೊನೆಯ ಹಂತದಲ್ಲಿ, ಕಲ್ಲು ಸಿಕ್ಕಿ ಗುಡಿ ಎದ್ದು ಕಾಲ ಸಂದ ಮೇಲೆ, ಕಥನ ಈ ರೂಪ ತಾಳುತ್ತದೆ:

ಅಮ್ಮ ಕನಸ್ನಾಗೆ ಬಂದು ಕಲ್ಲು ತೆಗಿ ಅಂದ್ಲು.

‘ಹಂಗಾತು’ವೂ ಇಲ್ಲ, ‘ಅಂತೆ’ಯೂ ಇಲ್ಲ. ಅನುಭವವಾಗಿದ್ದದ್ದು ಸುದ್ದಿಯಾಗಿ, ಸುದ್ದಿಯಾಗಿದ್ದದ್ದು ಆಜ್ಞೆಯಾಗಿ ನಿಂತಿದೆ. ಮೂರು ಹಂತಗಳಲ್ಲಿಯೂ ‘ಕಲ್ಲು’, ‘ತೆಗಿ’, ‘ಬಂದು’ ಎಂಬ ಶಬ್ದಗಳು ಬದಲಾಗಿಲ್ಲ. ಕನಸಿನ ಲೋಕಕ್ಕೂ ಎಚ್ಚರದ ಲೋಕಕ್ಕೂ ಇರುವ ಅಂತರವನ್ನು ತೋರಿಸಿದ್ದು, ಆ ಅಂತರವನ್ನು ಹಂತಹಂತವಾಗಿ ಮುಚ್ಚಿದ್ದು ಕ್ರಿಯಾಪದದ ಕೊನೆ.

ಇದಕ್ಕೆ ಪೂರಕವಾಗಿ ಇರುಳಿನ ಮಾತಿನ ಇನ್ನೊಂದು ಪದ್ಧತಿಯನ್ನು ಗಮನಿಸಬಹುದು. ರಾತ್ರಿ ಹೊತ್ತು ಹಾವನ್ನು ‘ಹುಳ’ ಎನ್ನುವುದು, ಸಿಡುಬನ್ನು ‘ಅಮ್ಮ’ ಎನ್ನುವುದು ನಮ್ಮ ಹಳ್ಳಿಗಳ ರೂಢಿ. ತೆಲುಗಿನಲ್ಲಿಯೂ ಹಾವಿಗೆ ‘ಪುರುಗು’ ಎಂಬ ಮರೆಮಾತಿದೆ. ಇಲ್ಲಿಯೂ ಹೊಸ ಶಬ್ದದ ಸೃಷ್ಟಿ ನಡೆದಿಲ್ಲ. ಇರುವ ಶಬ್ದವೇ ಸ್ಥಾನ ಬದಲಿಸಿದೆ. ಭಯಭಕ್ತಿಗಳ ಲೋಕವನ್ನು ನಿತ್ಯದ ನುಡಿಯೊಳಗೇ ನಿಭಾಯಿಸುವ ಮನೋಧರ್ಮ ಎರಡು ಕಡೆಯೂ ಒಂದೇ.

6. ಸಂಪಾದನೆಯ ಪ್ರಶ್ನೆಗಳು

ಮೇಲಿನ ವಿಶ್ಲೇಷಣೆ ಒಪ್ಪಿತವಾದರೆ ಜನಪದ ಪಠ್ಯಗಳ ಸಂಪಾದಕರಾಗಿ ನಾವು ಕೆಲವು ಪ್ರಶ್ನೆಗಳನ್ನು ಎದುರಿಸಬೇಕಾಗುತ್ತದೆ. ಧ್ವನಿಮುದ್ರಿಕೆಯಿಂದ ಬರಹಕ್ಕೆ ಇಳಿಸುವಾಗ ‘ಕುಂತಂಗಾತು’ ಎಂಬುದನ್ನು ‘ಕುಳಿತಳು’ ಎಂದು ಶಿಷ್ಟಗೊಳಿಸುವುದು ಸುಲಭ. ಓದುಗರಿಗೆ ಕತೆ ಅರ್ಥವಾಗುತ್ತದೆ. ಆದರೆ ಕನಸು ಕಂಡವರು ಹೊರದಿದ್ದ ಹೊಣೆಯನ್ನು ಸಂಪಾದಕರು ಅವರ ಮೇಲೆ ಹೊರಿಸಿದಂತಾಗುತ್ತದೆ. ‘ನನಗೆ ಹಾಗನಿಸಿತು’ ಎಂದವರನ್ನು ‘ದೇವಿ ಹೀಗೆಂದಳು’ ಎಂದು ಘೋಷಿಸಿದವರನ್ನಾಗಿ ಮಾಡಿದಂತಾಗುತ್ತದೆ. ಇದು ಶೈಲಿಯ ಪ್ರಶ್ನೆಯಷ್ಟೇ ಅಲ್ಲ. ಗುಡಿಯ ಪೂಜೆ ಯಾರದು, ಜಾತ್ರೆಯಲ್ಲಿ ಮೊದಲ ಎಡೆ ಯಾರದು, ಕಲ್ಲು ಸಿಕ್ಕ ನೆಲ ಯಾರಿಗೆ ಸೇರಿದ್ದು ಎಂಬ ಹಕ್ಕುಗಳಿಗೆ ಹಳ್ಳಿಗಳಲ್ಲಿ ಇಂತಹ ಕಥನಗಳು ಆಧಾರವಾಗುತ್ತವೆ. ವಿಶ್ವವಿದ್ಯಾಲಯವೊಂದು ಪ್ರಕಟಿಸಿದ ಪುಸ್ತಕದಲ್ಲಿ ‘ಅಂದಳು’ ಎಂದು ಅಚ್ಚಾದ ಮೇಲೆ ಅದರ ತೂಕವೇ ಬೇರೆ. ಸಮುದಾಯ ತಲೆಮಾರುಗಳಲ್ಲಿ ನಡೆಸುವ ಅಧಿಕೃತೀಕರಣವನ್ನು ಸಂಪಾದಕರು ಒಂದು ಮಧ್ಯಾಹ್ನದಲ್ಲಿ ಮುಗಿಸಿಬಿಡುವ ಅಪಾಯ ಇದು.

ಎರಡನೆಯ ಪ್ರಶ್ನೆ ನುಡಿಗೆ ಸಂಬಂಧಿಸಿದ್ದು. ಕನ್ನಡ ವಿಭಾಗದಿಂದ ಹೋದ ಸಂಶೋಧಕರಿಗೆ ದ್ವಿಭಾಷಿಕ ವಕ್ತೃಗಳು ಸಹಜವಾಗಿಯೇ ಕನ್ನಡದಲ್ಲಿ ಹೇಳುತ್ತಾರೆ. ಕನಸು ಮೊದಲು ಮನೆಯೊಳಗೆ ತೆಲುಗಿನಲ್ಲಿ ಹೇಳಲ್ಪಟ್ಟು, ಕಟ್ಟೆಯ ಮೇಲೆ ಕನ್ನಡಕ್ಕೆ ಬಂದು, ಆಮೇಲೆ ನಮ್ಮ ಧ್ವನಿಮುದ್ರಕಕ್ಕೆ ಬಂದಿರಬಹುದು. ದೇವರು ಯಾವ ನುಡಿಯಲ್ಲಿ ಹೇಳಿತು, ಅದನ್ನು ಮೊದಲು ಯಾರಿಗೆ ಯಾವ ನುಡಿಯಲ್ಲಿ ತಿಳಿಸಲಾಯಿತು ಎಂದು ಕೇಳುವುದಕ್ಕೆ ಹೆಚ್ಚು ಹೊತ್ತು ಬೇಕಿಲ್ಲ. ಕೇಳದಿದ್ದರೆ ಮಾತ್ರ ಮ್ಯಾಸಬೇಡರ ದೈವಗಳು ಕನ್ನಡವನ್ನಷ್ಟೇ ಬಲ್ಲವು ಎಂಬ ಭಾವನೆಯನ್ನು ನಮ್ಮ ಸಂಕಲನಗಳು ಹುಟ್ಟಿಸುತ್ತವೆ. ಜಿನೀವಾದ ಮಹಿಳೆ ಕೆನರಾದ ರಾಣಿಗೆ ಸಂಸ್ಕೃತವನ್ನು ಹೊರಿಸಿದ್ದಕ್ಕೂ ನಾವು ಮಾಡುವುದಕ್ಕೂ ಆಗ ಹೆಚ್ಚು ವ್ಯತ್ಯಾಸ ಉಳಿಯುವುದಿಲ್ಲ.

ಮೂರನೆಯದು ಸ್ಥಳದ ಪ್ರಶ್ನೆ. ಈ ಕಥನಗಳು ಬಂಡೆ, ಹಳ್ಳ, ಹುತ್ತ, ಕಾವಲುಗಳಿಗೆ ಅಂಟಿಕೊಂಡಿವೆ. ಚಳ್ಳಕೆರೆ ತಾಲ್ಲೂಕಿನ ಅಮೃತಮಹಲ್ ಕಾವಲಿನ ಸುಮಾರು ಹತ್ತು ಸಾವಿರ ಎಕರೆಯಷ್ಟು ನೆಲ 2008ರ ಅನಂತರದ ವರ್ಷಗಳಲ್ಲಿ ರಕ್ಷಣಾ ಸಂಶೋಧನೆ, ವಿಜ್ಞಾನ ಹಾಗೂ ಅಣುಶಕ್ತಿ ಸಂಸ್ಥೆಗಳಿಗೆ ಹಂಚಿಕೆಯಾಯಿತು. ಬೇಲಿ ಬಿದ್ದ ಮೇಲೆ ಅಲ್ಲಿ ದನಕುರಿ ಮೇಯಿಸುವ ದಾರಿಗಳು ಮುಚ್ಚಿದವು. ‘ಹೊಲದ ಮೂಲ್ಯಾಗೆ ಕಲ್ಲೈತೆ’ ಎಂಬ ಮಾತಿಗೆ ತೋರಿಸಲು ಒಂದು ಮೂಲೆ ಬೇಕು. ಆ ಮೂಲೆ ಕಣ್ಮರೆಯಾದ ಕಡೆ ಕಥನ ಉಳಿದರೂ ಅದರ ‘ಇಲ್ಲಿ’, ‘ಅಲ್ಲಿ’ಗಳು ಬರಿದಾಗುತ್ತವೆ. ಆದ್ದರಿಂದ ಪಠ್ಯದೊಡನೆ ಸ್ಥಳವನ್ನೂ ದಾಖಲಿಸುವ ಕೆಲಸ ಈಗ ಹೆಚ್ಚು ತುರ್ತಿನದಾಗಿದೆ.

ಪ್ರಾಯೋಗಿಕವಾಗಿ ಹೇಳುವುದಾದರೆ, ಕ್ರಿಯಾಪದದ ಕೊನೆಗಳನ್ನು ಕೇಳಿದಂತೆಯೇ ಉಳಿಸಿಕೊಳ್ಳುವುದು, ಕನಸು ಕಂಡವರು, ಕೇಳಿದವರು, ಅರ್ಥ ಹೇಳಿದವರು ಯಾರು ಎಂಬುದನ್ನು ಬೇರೆ ಬೇರೆಯಾಗಿ ಗುರುತಿಸುವುದು, ನುಡಿ ಬದಲಾದ ಜಾಗವನ್ನು ಪಠ್ಯದಲ್ಲಿಯೇ ಸೂಚಿಸುವುದು, ಅರ್ಥವಾಗದ ಭಾಗಗಳನ್ನು ಕೈಬಿಡದೆ ಹಾಗೆಯೇ ಕೊಡುವುದು ಈ ನಾಲ್ಕನ್ನು ಪಾಲಿಸಬೇಕು. ಈಗಾಗಲೇ ಪ್ರಕಟವಾಗಿರುವ ಪಠ್ಯಗಳ ಮೂಲ ಧ್ವನಿಮುದ್ರಿಕೆಗಳು ಎಲ್ಲೆಲ್ಲಿ ಉಳಿದಿವೆಯೋ ಅಲ್ಲೆಲ್ಲ ಅವುಗಳನ್ನು ಈ ದೃಷ್ಟಿಯಿಂದ ಮತ್ತೊಮ್ಮೆ ಕೇಳುವುದು ಅಗತ್ಯ.

7. ಸಮಾರೋಪ

ಅನ್ಯಲೋಕದ ನುಡಿಯನ್ನು ರೂಪಿಸುವ ನಾಲ್ಕು ಬಗೆಗಳು ಈ ಚರ್ಚೆಯಲ್ಲಿ ಕಂಡುಬಂದವು. ಹಿಲ್ಡೆಗಾರ್ಡ್ ಮತ್ತು ಹೆಲೆನ್ ಸ್ಮಿತ್ ಶಬ್ದವನ್ನು ಬದಲಿಸಿದರು. ಅಮರಗನ್ನಡ ಚಿಹ್ನೆಯನ್ನು ಬದಲಿಸಿತು. ಬೆಡಗು ಅರ್ಥಸಂಬಂಧವನ್ನು ಬದಲಿಸಿತು. ಚಳ್ಳಕೆರೆ–ಮೊಳಕಾಲ್ಮೂರಿನಂತಹ ಪರಿಸರದ ಆಡುನುಡಿ ಹೇಳುವವರ ನೆಲೆಯನ್ನು ಸೂಚಿಸುವ ವ್ಯಾಕರಣವನ್ನು ಬದಲಿಸಿತು. ಮೊದಲ ಮೂರು ಬಗೆಗಳು ಕಣ್ಣಿಗೆ ಬೀಳುವಂಥವು. ನಾಲ್ಕನೆಯದು ನಿತ್ಯದ ಮಾತಿನಲ್ಲಿ ಬೆರೆತಿರುವುದರಿಂದ ಸುಲಭವಾಗಿ ಗಮನಕ್ಕೆ ಬರುವುದಿಲ್ಲ, ತಿದ್ದುಪಡಿಗೆ ಬೇಗನೆ ಬಲಿಯಾಗುತ್ತದೆ. ಪಂಪ, ಜನ್ನರ ಪಠ್ಯಗಳಲ್ಲಿ ಒಂದು ಪ್ರತ್ಯಯದ ವ್ಯತ್ಯಾಸಕ್ಕೂ ಪಾಠಾಂತರವನ್ನು ದಾಖಲಿಸುವ ಶಿಸ್ತು ನಮ್ಮಲ್ಲಿದೆ. ಅದೇ ಶಿಸ್ತನ್ನು ಹಟ್ಟಿಯ ವಕ್ತೃವಿನ ‘ಅಂದಂಗಾತು’ವಿಗೂ ವಿಸ್ತರಿಸಿದರೆ, ಕನಸಿನ ನುಡಿಯನ್ನು ಅದನ್ನಾಡಿದವರ ನೆಲೆಯಿಂದಲೇ ಅರಿಯುವುದು ಸಾಧ್ಯವಾದೀತು.